ಕಟ್ಟದೆ ಉಳಿದ ಲಿಂಗ

ಗುರುಪಾದಸ್ವಾಮಿ ಮಂಡಿಯೂರಿ ಕೂತು ಜಾಲಿಮುಳ್ಳಿನ ಕೊಂಬೆಗಳನ್ನು ಬರಿಗೈಲಿ ಎಳೆದು ಹಾಕುತ್ತಿದ್ದರು.

"ಯಾರ್ಲಾ ಅದು? ನಾಯಿ ಕೆದಕ್ದೆ ಇರ್ಲಿ ಅಂತ ಆಕಿರೋ ಮುಳ್ಳು ಕಣ್ಲಾ!"

ಕೂಗುತ್ತಾ ಬಂದವರು ಬೀಗರು ಚಿಕ್ಕಬಸವಯ್ಯ. ಮುಖ ಕಂಡು ದನಿ ಇಳಿಸಿದರು. "ಓ, ಮೇಷ್ಟ್ರಾ! ಮನೆಗೂ ಬರ್ದೆ ಸೀದಾ ಒಲಕ್ಕೇ ಬಂದ್ಬುಟ್ರಾ? ಇಲ್ಲಿ ಯಾರೂ ಕಾಲಿಡಂಗಿಲ್ಲ ಅಂತ ನಿಮ್ ಮಗಳು ನನ್ಗೇ ಬೈತಾಳೆ."

ಮುಳ್ಳಿನಡಿ ಮೊಳದುದ್ದದ ಹೊಸ ಮಣ್ಣು. ಚಾಮರಾಜನಗರದ ಆಸ್ಪತ್ರೆಯಲ್ಲಿ ಉಸಿರಿಲ್ಲದೆ ಹುಟ್ಟಿದ ಮೊಮ್ಮಗನನ್ನು ಬೀಗರ ಊರು ಕುದೇರಿಗೆ ತಂದು ಇಲ್ಲಿ ಮಣ್ಣು ಮಾಡಿದ್ದರು. ಅವತ್ತು ಕೂಸಿನ ಜೊತೆ ಗಂಡನ ಮನೆಗೆ ಬಂದ ಮಗಳು ಪವಿತ್ರ ಬಾಣಂತನಕ್ಕೆ ತವರಿಗೆ ಹೋಗಲೇ ಇಲ್ಲ. ಗುಂಡ್ಲುಪೇಟೆಯಲ್ಲಿ ತಾಯಿ ಗಂಗಾಂಬಿಕೆ ದಿನಾ ಬಾಣಂತಿ ಸ್ನಾನದ ಹಂಡೆಗೆ ಉರಿ ಹಾಕಿ, ನೀರು ಆರುವವರೆಗೂ ಬಾಗಿಲು ನೋಡುತ್ತಿದ್ದರು. "ಕರ್ಕೊಂಡು ಬನ್ನಿ, ಇಲ್ದಿದ್ರೆ ನೀವೂ ಅಲ್ಲೇ ಇದ್ಬುಡಿ" ಎಂದು ಬೆಳಿಗ್ಗೆ ಗಂಡನನ್ನು ಬಸ್ಸು ಹತ್ತಿಸಿದ್ದರು.

ಕಾಲೇಜಿನಲ್ಲಿ ತತ್ವಶಾಸ್ತ್ರ ಹೇಳಿ ನಿವೃತ್ತರಾದ ಗುರುಪಾದಸ್ವಾಮಿಯವರನ್ನು ಈರುಳ್ಳಿ ಮಂಡಿಯವರು ಸೊನ್ನೆ ಮೇಷ್ಟ್ರು ಅನ್ನುತ್ತಿದ್ದರು. ಸೃಷ್ಟಿಗೆ ಮೊದಲು ಏನಿತ್ತು ಎಂಬುದೊಂದನ್ನೇ ಜೀವಮಾನವಿಡೀ ಹಿಡಿದು ಕೂತವರು. ಕತ್ತಲೆ ಇತ್ತು ಅಂದರೆ ಒಪ್ಪುತ್ತಿರಲಿಲ್ಲ, ಕತ್ತಲೆಗೂ ಒಂದು ಕಣ್ಣು ಬೇಕು. ಖಾಲಿ ಇತ್ತು ಅಂದರೂ ಒಪ್ಪರು, ಖಾಲಿಯಾಗಲು ಪಾತ್ರೆ ಬೇಕು. ಆಗ 'ಇಲ್ಲ' ಎಂಬುದೂ ಇರಲಿಲ್ಲ ಕಣ್ರಪ್ಪ, ಯಾರಿಗೂ ಏನೂ ಕಡಿಮೆಯಾಗಿರಲಿಲ್ಲ ಎಂದು ಲಾರಿ ಡ್ರೈವರುಗಳಿಗೆ ಟೀ ಕೊಡಿಸಿ ಹೇಳುತ್ತಿದ್ದರು.

ಎಂಟನೇ ತಿಂಗಳಲ್ಲಿ, ಹೊಟ್ಟೆಯೊಳಗಿನ ಕೂಸಿಗೆಂದು ತಾಯಿಯ ರಟ್ಟೆಗೆ ಪುಟ್ಟ ಲಿಂಗ ಕಟ್ಟಲು ಮಠದ ಅಯ್ಯನೋರು ಮಹದೇವಸ್ವಾಮಿಗಳು ಗುಂಡ್ಲುಪೇಟೆಯ ಮನೆಗೆ ಬಂದಾಗಲೂ ಮೇಷ್ಟ್ರದು ಅದೇ ಮಾತು. "ಇನ್ನೂ ಬರದವರಿಗೆ ಎಂಥ ಲಿಂಗ ಅಯ್ಯನೋರೇ? ಬರಲಿ, ಆಮೇಲೆ ಕಟ್ಟಿದರಾಯ್ತು." ತೋಳು ಚಾಚಿ ಕೂತಿದ್ದ ಪವಿತ್ರ ಎದ್ದು ಒಳಗೆ ಹೋಗಿದ್ದಳು. ಕೂಸು ಲಿಂಗವಿಲ್ಲದೆಯೇ ಮಣ್ಣಿಗೆ ಹೋಯಿತು.

ಆ ಲಿಂಗ ಈಗ ಅವರ ಜೇಬಿನಲ್ಲಿತ್ತು. ಕೈ ಹಾಕುವಷ್ಟರಲ್ಲಿ ಬದುವಿನ ಮೇಲೆ ಪವಿತ್ರ ಕಂಡಳು. ತಲೆಗೆ ಸ್ಕಾರ್ಫ್ ಸುತ್ತಿ, ಕಿವಿಗೆ ಹತ್ತಿ ಇಟ್ಟಿದ್ದಳು.

"ಕೈಯೆಲ್ಲಾ ರಕ್ತ ಅಪ್ಪಾಜಿ" ಅಂದಳು. ಅವರು ಜೇಬಿನಿಂದ ಲಿಂಗ ತೆಗೆದರು. ಪವಿತ್ರ ಅದನ್ನು ಅವರ ಕೈಯಿಂದ ತಾನೇ ತೆಗೆದುಕೊಂಡು, ಬೆರಳಲ್ಲಿ ಮಣ್ಣು ತೋಡಿ ಒಳಗಿಟ್ಟು, ಅಂಗೈಯಿಂದ ತಟ್ಟಿದಳು. ಕೂಸಿಗೆ ತಟ್ಟುವ ಹಾಗೆ, ತುಂಬಾ ಹೊತ್ತು.

ಬಗ್ಗಿದವಳ ರವಿಕೆ ಹಾಲಿನಿಂದ ಒದ್ದೆಯಾಗಿತ್ತು. ಗುರುಪಾದಸ್ವಾಮಿ ಮುಖ ತಿರುಗಿಸಿದರು. ಸೃಷ್ಟಿಗೆ ಮೊದಲು ಇಂಥ 'ಇಲ್ಲ' ಎಲ್ಲಿಂದ ಬರಬೇಕು? ಇದು ಬಂದು ಹೋದವನು ಬಿಟ್ಟು ಹೋದದ್ದು. ಇಷ್ಟು ವರ್ಷ ಓದಿದ ಯಾವುದೂ ಇದರ ಹತ್ತಿರಕ್ಕೆ ಬರಲಿಲ್ಲ.

"ಮಗಾ, ನಾನು ತಿಳ್ಕೊಂಡಿದ್ದು..."

"ಪಾಠ ಬ್ಯಾಡ ಅಪ್ಪಾಜಿ."

ಚಿಕ್ಕಬಸವಯ್ಯ ಕೆಮ್ಮಿದರು. "ಓಗಿ ಬಾ ಕಣಮ್ಮಿ. ನಿಮ್ಮವ್ವ ಕಾಯ್ತಾಳೆ. ಮುಳ್ಳು ನಾನು ಮತ್ತೆ ಆಕ್ತೀನಿ."

"ಅಲ್ಲಿ ಎಲ್ಲಾ ಮೊದ್ಲಿನಂಗೇ ಇರ್ತದೆ ಮಾವ. ಯಾರೂ ಹುಟ್ಟೇ ಇಲ್ಲ ಅನ್ನಂಗೆ. ಇಲ್ಲಾದ್ರೆ ಇವನು ಅವ್ನೆ."

ಗುರುಪಾದಸ್ವಾಮಿ ಅವಳತ್ತ ಕೈ ಚಾಚಿದರು. "ಏಳವ್ವ. ಮಧ್ಯಾಹ್ನದ ಬಸ್ಸಿಗೆ ಹೋಗನ. ನಾನು ಬಾಯೇ ಬಿಡಲ್ಲ. ಬಾ."

"ಬರಲ್ಲ" ಅಂದಳು ಪವಿತ್ರ.