ಎಂಬತ್ತು ಜನರ ಊಟ ಚರಂಡಿ ಪಾಲಾದದ್ದು

ಆಸ್ಪತ್ರೆಯ ಅಡುಗೆಮನೆಯಲ್ಲಿ ಎಲ್ಲರೂ ಅವಳನ್ನು ಕರೆಯುತ್ತಿದ್ದದ್ದು ಹೂಂ ಅಕ್ಕ ಅಂತ. ಯಾರು ಏನು ಹೇಳಿದರೂ ಮೊದಲು ಹೂಂ ಅನ್ನುವುದು, ಆಮೇಲೆ ಯೋಚನೆ ಮಾಡುವುದು ಅವಳ ಅಭ್ಯಾಸ. ಆದರೆ ಕೆಲಸದಲ್ಲಿ ಎತ್ತಿದ ಕೈ. ಒಂದು ಮೂಟೆ ಈರುಳ್ಳಿ ಕೊಟ್ಟರೂ ಕಣ್ಣಲ್ಲಿ ಒಂದು ಹನಿ ನೀರಿಲ್ಲದೆ ಹೆಚ್ಚಿ ಗುಡ್ಡೆ ಹಾಕುತ್ತಿದ್ದಳು. ಹನ್ನೊಂದು ವರ್ಷ ಹೀಗೇ ನಡೆದಿತ್ತು.

ತೊಂದರೆ ಶುರುವಾದದ್ದು ಹೊಸ ಮುಖ್ಯ ಅಡುಗೆಯವರು ಬಂದ ಮೇಲೆ. ದೂರದ ದೊಡ್ಡ ಹೋಟೆಲಿನಲ್ಲಿ ಪಳಗಿದವರು. ಒಳ್ಳೆಯ ಮನುಷ್ಯರೇ. ಆದರೆ ಬಾಯಿ ತೆರೆದರೆ ಅರ್ಧಕ್ಕರ್ಧ ಇಂಗ್ಲಿಷು.

ಮೊದಲ ದಿನ ಬಂದವರೇ, “ಅಕ್ಕಾ, ಕ್ಯಾರೆಟ್ ಗ್ರೇಟ್ ಮಾಡಿ” ಅಂದರು.

“ಹೂಂ ಸಾರ್, ತುಂಬಾ ಗ್ರೇಟು. ಕಣ್ಣಿಗೂ ಒಳ್ಳೇದಂತೆ” ಅಂದಳು ಹೂಂ ಅಕ್ಕ.

ತಮಾಷೆ ಇರಬೇಕು ಅಂದುಕೊಂಡು ಅವರು ನಕ್ಕು, ತಾವೇ ಕೂತು ತುರಿದುಕೊಂಡರು.

ಮರುದಿನ, “ಆಲೂಗಡ್ಡೆ ಪೀಲ್ ಮಾಡಿ” ಅಂದರು. ಅವಳಿಗೆ ಕೇಳಿಸಿದ್ದು ಫೀಲ್. ಪಾಪ, ಆಲೂಗಡ್ಡೆ ಚೆನ್ನಾಗಿಲ್ಲ ಅಂತ ಫೀಲ್ ಮಾಡಿಕೊಂಡಿದ್ದಾರೆ ಅನ್ನಿಸಿತು.

“ಹೂಂ ಸಾರ್. ಬೇಜಾರು ಮಾಡ್ಕೋಬೇಡಿ, ನಾಳೆ ಒಳ್ಳೇದು ಬರುತ್ತೆ” ಅಂತ ಸಮಾಧಾನ ಹೇಳಿ ಕಳಿಸಿದಳು.

ಮೂರನೆಯ ದಿನ ಮಾತ್ರ ನಗುವ ಹಾಗಿರಲಿಲ್ಲ.

ಎಂಬತ್ತು ರೋಗಿಗಳ ಮಧ್ಯಾಹ್ನದ ಊಟಕ್ಕೆ ಬೀನ್ಸು, ಬಟಾಣಿ, ಹೂಕೋಸು ದೊಡ್ಡ ಪಾತ್ರೆಯಲ್ಲಿ ಹದವಾಗಿ ಬೆಂದಿತ್ತು. ಮುಖ್ಯ ಅಡುಗೆಯವರು ಒಂದು ಫೋನ್ ಬಂತೆಂದು ಹೊರಗೆ ಹೋಗುತ್ತಾ, “ಅಕ್ಕಾ, ಬೇಗ ಡ್ರೈನ್ ಮಾಡಿಬಿಡಿ” ಅಂದರು.

“ಹೂಂ ಸಾರ್!”

ಈ ಸಲ ಅವಳ ದನಿ ಜೋರಾಗಿತ್ತು. ಕೊನೆಗೂ ಗೊತ್ತಿರುವ ಒಂದು ಪದ! ಹೋದ ತಿಂಗಳು ಹಿತ್ತಲಿನ ಚರಂಡಿ ಕಟ್ಟಿಕೊಂಡಾಗ ಎಲ್ಲರೂ ಡ್ರೈನು, ಡ್ರೈನು ಅಂತಲೇ ಬಡಿದುಕೊಂಡಿದ್ದರು. ಇಷ್ಟು ಚೆಂದದ ತರಕಾರಿಯನ್ನು ಚರಂಡಿಗೆ ಹಾಕಬೇಕೇ ಅನ್ನಿಸಿತು. ಏನೋ, ಉಪ್ಪು ಜಾಸ್ತಿಯಾಗಿರಬೇಕು. ಪಾತ್ರೆ ತೊಳೆಯುವವಳನ್ನು ಕರೆದು ಇಬ್ಬರೂ ಎರಡು ಕಡೆ ಹಿಡಿದು, ಹಿತ್ತಲಿಗೆ ಒಯ್ದು, ಒಂದು ಬಟಾಣಿ ಕಾಳೂ ಉಳಿಯದಂತೆ ಸುರಿದು ಬಂದರು.

ಮುಖ್ಯ ಅಡುಗೆಯವರು ವಾಪಸ್ ಬಂದು ಖಾಲಿ ಪಾತ್ರೆ ನೋಡಿದರು.

“ತರಕಾರಿ ಎಲ್ಲಿ?”

“ಡ್ರೈನಲ್ಲಿ ಸಾರ್.”

“ಡ್ರೈನಲ್ಲಿ ಅಂದ್ರೆ?”

“ನೀವೇ ಹೇಳಿದ್ರಲ್ಲ ಸಾರ್. ಪೂರ್ತಿ ಹಾಕಿದ್ದೀನಿ. ನೀರು ಬಿಟ್ಟು ತೊಳೆದೂ ಬಂದೆ.”

ಅವರು ಅಲ್ಲೇ ಇದ್ದ ಅಕ್ಕಿ ಮೂಟೆಯ ಮೇಲೆ ಕುಸಿದು ಕೂತರು.

ಊಟ ಒಂದೂವರೆ ಗಂಟೆ ತಡವಾಯಿತು. ಇಂಜೆಕ್ಷನ್ ತೆಗೆದುಕೊಂಡು ಊಟಕ್ಕೆ ಕಾಯುತ್ತಿದ್ದ ಸಕ್ಕರೆ ಕಾಯಿಲೆಯ ಅಜ್ಜಿಯೊಬ್ಬರಿಗೆ ಕಣ್ಣು ಕತ್ತಲೆ ಬಂತು. ನರ್ಸು ಓಡಿಹೋಗಿ ಸಕ್ಕರೆ ನೀರು ಕುಡಿಸಿದ ಮೇಲೆ ಸುಧಾರಿಸಿಕೊಂಡರು. ಅದನ್ನು ಕೇಳಿ ಹೂಂ ಅಕ್ಕ ವಾರ್ಡಿನ ಬಾಗಿಲವರೆಗೆ ಓಡಿ ಅಜ್ಜಿಯನ್ನು ನೋಡಿ ಬಂದಳು. ಯಾರೂ ಬೈಯಲಿಲ್ಲ. ಬೈದಿದ್ದರೇ ಚೆನ್ನಾಗಿತ್ತು ಅನ್ನಿಸಿತು.

ಮನೆಗೆ ಬಂದು ಗಂಡನ ಮುಂದೆ ಅತ್ತಳು. ಗಂಡ ಟೈಲರ್. ಮುಂದಿನ ಕೋಣೆಯೇ ಅಂಗಡಿ.

“ಕೆಲಸ ಬಿಟ್ಬಿಡು. ನಮ್ಮಂಥೋರಿಗೆ ಇಂಗ್ಲಿಷ್ ಎಲ್ಲಿ ಹತ್ತುತ್ತೆ? ಅದೂ ಈ ವಯಸ್ಸಲ್ಲಿ!” ಅಂದ ಅವನು, ಬಾಯಲ್ಲಿ ಗುಂಡುಸೂಜಿ ಕಚ್ಚಿಕೊಂಡೇ.

ಹೊಲಿಯಲು ಕೊಟ್ಟ ಬಟ್ಟೆ ಕೇಳಲು ಬಂದಿದ್ದ ಪಕ್ಕದ ಮನೆಯ ಟೀಚರಮ್ಮನಿಗೆ ಇದೆಲ್ಲ ಕಿವಿಗೆ ಬಿತ್ತು. ದೊಡ್ಡವರಿಗೆಂದು ಭಾನುವಾರ ಲೈಬ್ರರಿಯಲ್ಲಿ ಪಾಠ ಹೇಳುವವರು ಅವರು. ಮೊದಲು ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ಆಮೇಲೆ ಟೈಲರನ ಕಡೆ ತಿರುಗಿದರು.

“ಅಲ್ಲಪ್ಪಾ, ದಿನಾ ಕಾಲರ್ರು, ಬಟನ್ನು, ಜಿಪ್ಪು, ಫಿಟ್ಟಿಂಗು ಅಂತೀಯಲ್ಲ, ಅದನ್ನೆಲ್ಲ ಯಾವ ಕಾಲೇಜಲ್ಲಿ ಕಲಿತೆ?”

ಅವನು ಸೂಜಿ ಕೈಗೆ ತೆಗೆದುಕೊಂಡ. “ಅದು ಇಂಗ್ಲಿಷಾ? ಅದು ನಮ್ಮ ಟೈಲರ್ ಮಾತು ಟೀಚರಮ್ಮ.”

“ಇದೂ ಅಷ್ಟೇ, ಅಡುಗೆಮನೆ ಮಾತು. ಹೂಂ ಅಕ್ಕಾ, ಕೆಲಸ ನಿಂಗೆ ಬರುತ್ತೆ, ಬೇಕಾಗಿರೋದು ಅದರ ಹೆಸರು ಮಾತ್ರ. ಒಂದು ಕ್ಯಾರೆಟ್ ತಗೊಂಡು ಬಾ.”

ಟೀಚರಮ್ಮ ಒಂದೊಂದೇ ಹೆಸರು ಹೇಳುತ್ತಾ ಹೋದರು, ಹೂಂ ಅಕ್ಕ ಮಾಡುತ್ತಾ ಹೋದಳು. ಸಿಪ್ಪೆ ತೆಗೆದರೆ ಪೀಲ್. ಬಿಲ್ಲೆ ಬಿಲ್ಲೆಯಾಗಿ ಕತ್ತರಿಸಿದರೆ ಸ್ಲೈಸ್. ದಾಳದ ಹಾಗೆ ಚೌಕ ಚೌಕ ಮಾಡಿದರೆ ಡೈಸ್. ತುರಿದರೆ ಗ್ರೇಟ್. ಹಬೆಯಲ್ಲಿ ಬೇಯಿಸಿದರೆ ಸ್ಟೀಮ್, ಬೆಂದದ್ದನ್ನು ಕಿವುಚಿದರೆ ಮ್ಯಾಶ್.

“ಡ್ರೈನ್?” ಅಂದಳು ಹೂಂ ಅಕ್ಕ, ಹೆದರುತ್ತಲೇ.

“ಬಸಿಯೋದು. ನೀರು ಹೋಗ್ಬೇಕು, ತರಕಾರಿ ಉಳೀಬೇಕು. ನೀನು ತರಕಾರೀನೂ ಬೀಳ್ಕೊಟ್ಟೆ! ಇನ್ನೊಂದು ಮಾತು ಕೇಳು. ಪದ ಗೊತ್ತಿಲ್ಲದೆ ಇದ್ದದ್ದು ತಪ್ಪಲ್ಲ. ಗೊತ್ತಿಲ್ಲದೆ ಹೂಂ ಅಂದ್ಯಲ್ಲ, ಅದು ತಪ್ಪು.”

ಅಂದಿನಿಂದ ದಿನಕ್ಕೆ ಎರಡು ಪದ. ನಾಲ್ಕು ದಿನ ಗಂಡ ಕೇಳಿಸಿಕೊಂಡೂ ಕೇಳದವನ ಹಾಗೆ ಮಿಷನ್ ತುಳಿದ. ಐದನೆಯ ದಿನ ತಟ್ಟೆಯ ಮುಂದೆ ಕೂತು, “ಈ ಸೌತೆಕಾಯಿ ಸ್ಲೈಸ್ ಅಲ್ವಾ? ನಂಗೆ ಡೈಸೇ ಇಷ್ಟ ಕಣೇ” ಅಂದ. ಆ ಭಾನುವಾರ ಲೈಬ್ರರಿಗೆ ಹೆಂಡತಿಗಿಂತ ಮೊದಲು ಚಪ್ಪಲಿ ಮೆಟ್ಟಿ ನಿಂತವನೂ ಅವನೇ.

ಎರಡು ವಾರ ಕಳೆಯಿತು. ಒಂದು ಬೆಳಿಗ್ಗೆ ಮುಖ್ಯ ಅಡುಗೆಯವರು, “ಬೀನ್ಸ್ ಬ್ಲಾಂಚ್ ಮಾಡಿ” ಅಂದರು. ಇದು ಕೇಳದೇ ಇದ್ದ ಪದ. ಹೂಂ ನಾಲಿಗೆಯ ತುದಿಗೇ ಬಂದಿತ್ತು. ಹೂಂ ಅಕ್ಕ ಅದನ್ನು ನುಂಗಿಕೊಂಡಳು.

“ಸಾರ್, ಬ್ಲಾಂಚ್ ಅಂದ್ರೆ ಏನು?”

ಪಾತ್ರೆ ತೊಳೆಯುವವಳು ಮೆಲ್ಲಗೆ, “ನಂಗೂ ಗೊತ್ತಿಲ್ಲ ಸಾರ್” ಅಂದಳು. ಒಲೆಯ ಹತ್ತಿರದಿಂದ ಇನ್ನೊಂದು ದನಿ, “ನಂಗೂ.” ಉಗ್ರಾಣದ ಬಾಗಿಲಿನಿಂದ ಮತ್ತೊಂದು.

“ಹಾಗಾದ್ರೆ ಇಷ್ಟು ದಿನ ನಾನು ಯಾರಿಗೆ ಹೇಳ್ತಾ ಇದ್ದೆ?” ಅಂದರು ಮುಖ್ಯ ಅಡುಗೆಯವರು.

“ಗೋಡೆಗೆ ಸಾರ್” ಅಂದಳು ಹೂಂ ಅಕ್ಕ.

ಮೊದಲು ನಕ್ಕವರು ಅವರೇ. ಬೀನ್ಸನ್ನು ಕುದಿಯುವ ನೀರಿಗೆ ಹಾಕಿ, ಎರಡು ನಿಮಿಷಕ್ಕೆ ತೆಗೆದು ತಣ್ಣೀರಿಗೆ ಬಿಟ್ಟು ತೋರಿಸಿದರು. ಬೀನ್ಸು ಹಸಿರು ಹಸಿರಾಗಿ ಹೊಳೆಯಿತು. ಆಮೇಲೆ ಕೈ ಒರೆಸಿಕೊಳ್ಳುತ್ತಾ, ದನಿ ತಗ್ಗಿಸಿ ಕೇಳಿದರು: “ಅಕ್ಕಾ, ನೀವು ಹೆಚ್ಚೋದು ಅಂತೀರಿ, ಕೊಚ್ಚೋದು ಅಂತೀರಿ. ಎರಡಕ್ಕೂ ಏನು ವ್ಯತ್ಯಾಸ? ಬಂದಾಗಿಂದ ಕೇಳೋಕೆ ನಾಚಿಕೆ ಆಗ್ತಿತ್ತು.”

ಹೂಂ ಅಕ್ಕ ಚಾಕು ತೆಗೆದುಕೊಂಡು, ಹಲಗೆಯ ಮುಂದೆ ಅವರಿಗೂ ಜಾಗ ಮಾಡಿಕೊಟ್ಟಳು.

ಇದನ್ನು ಓದುತ್ತಿರುವ ಅಕ್ಕಂದಿರೇ, ಅಣ್ಣಂದಿರೇ, ನೀವು ಮಾಡುವ ಕೆಲಸದಲ್ಲೂ ಇಂಥ ಪದಗಳಿರುತ್ತವೆ. ಅವಕ್ಕೆ ಹೆದರಬೇಡಿ, ದಿನಕ್ಕೆ ಎರಡು ಸಾಕು. ಕೈ ಕೆಲಸ ಮಾಡುವಾಗಲೇ ಬಾಯಲ್ಲಿ ಅದರ ಹೆಸರು ಹೇಳಿಕೊಳ್ಳಿ. ಹತ್ತಿರದಲ್ಲಿ ದೊಡ್ಡವರಿಗೆ ಕಲಿಸುವ ತರಗತಿ ಇದ್ದರೆ ಈ ವಾರವೇ ಹೋಗಿ ಕೂತುಕೊಳ್ಳಿ. ಅರ್ಥವಾಗದ ಮಾತು ಕಿವಿಗೆ ಬಿದ್ದರೆ ಅಲ್ಲೇ, ಆಗಲೇ, “ಹಾಗಂದ್ರೆ ಏನು?” ಅಂತ ಕೇಳಿ. ನಿಮ್ಮ ಪಕ್ಕದಲ್ಲಿ ನಿಂತವರೂ ಯಾರಾದರೊಬ್ಬರು ಅದನ್ನು ಕೇಳಲಿ ಅಂತಲೇ ಕಾಯುತ್ತಿರುತ್ತಾರೆ.