ಸೊಸೆಯ ಉಡಿ

ಹದಿನೆಂಟು ವರ್ಷದಿಂದ ಮರಾಠಿ ಸಿನಿಮಾಗಳಿಗೆ ನಗೆಯ ದೃಶ್ಯ ಬರೆಯುತ್ತಿದ್ದೇನೆ. ಪರದೆಯ ಮೇಲೆ ಚಹಾ ಕೊಟ್ಟವನ ಹೆಸರೂ ಬರುತ್ತದೆ, ನನ್ನದು, ಈ ಗುರುಶಾಂತನದು, ಬರುವುದಿಲ್ಲ. ಈ ಸಲ ಸೊಲ್ಲಾಪುರದ ನಿರ್ದೇಶಕ ಧರ್ಮರಾಜನಿಗೆ ಹೇಳಿಬಿಟ್ಟೆ: ಹೆಸರಿಲ್ಲದಿದ್ದರೆ ಬರೆಯುವುದಿಲ್ಲ.

"ಜನಾ ನಗಬೇಕು, ಹೆಸರು ಹಾಕ್ತೀನ್ರಿ" ಎಂದ.

ನಮ್ಮ ಅಕ್ಕಲಕೋಟೆ ಕಡೆ ಹೊಲದ ಬಾವಿಯ ಹತ್ತಿರ ಅತ್ತೆ ಬಸುರಿ ಸೊಸೆಗೆ ಉಡಿ ತುಂಬುತ್ತಾಳೆ. ಸೆರಗಿನಲ್ಲಿ ಅಕ್ಕಿ, ಕೊಬ್ಬರಿ, ಕುಪ್ಪಸದ ಖಣ. ಆ ಗಡಿಬಿಡಿಯನ್ನೇ ಬರೆದೆ. ಮನೆಮಾತು ಕನ್ನಡ, ಕಲಿತದ್ದು ಹಳ್ಳಿಯ ಮರಾಠಿ ಶಾಲೆ. ಬರೆಯುವಾಗ ಎರಡೂ ಕಲಸುತ್ತವೆ. ದೃಶ್ಯದ ತಲೆಗೆ ಮರಾಠಿಯಲ್ಲಿ 'ಬಾವಿಯ ಹತ್ತಿರ ಸೊಸೆಯ ಉಡಿ' ಎಂದು ಹಾಕಿ ಕಳಿಸಿದೆ.

ಕಂದಲಗಾಂವದಲ್ಲಿ ಶೂಟಿಂಗ್. ಹೋಗಿ ನೋಡಿದರೆ ಬಾವಿಗೆ ಹಗ್ಗ, ಒಳಗೆ ಬಲೆ! ನಟಿ ಶೀತಲ ಹೊಟ್ಟೆಗೆ ದಿಂಬು ಕಟ್ಟಿಕೊಂಡು ಅಳುತ್ತಿದ್ದಳು.

ಧರ್ಮರಾಜ ನನ್ನ ಮೇಲೆ ಹರಿಹಾಯ್ದ. "ಬಸುರಿ ಬಾವ್ಯಾಗ ಜಿಗೀತಾಳ, ಇದರಾಗ ನಗೂದೇನೈತ್ರಿ? ನಿಮ್ಮ ಹೆಸರು ಕ್ಯಾನ್ಸಲ್!"

"ಜಿಗಿ ಅಂತ ಯಾವಂವ ಅಂದಾನೋ ಹುಚ್ಚ?"

"ನೀವ ಮರಾಠ್ಯಾಗ ತಲಿಬರಹ ಬರದೀರಲ್ಲ, ಉಡಿ ಅಂತ! ಮುಂದಿಂದು ಯಾರ ಓದ್ತಾರ?"

ಆಗ ಹೊಳೆಯಿತು. ಮರಾಠಿಯಲ್ಲಿ ಉಡಿ ಎಂದರೆ ಜಿಗಿತ. ತಪ್ಪು ನನ್ನದೇ, ಆದರೂ ಅವನನ್ನೇ ಬೈದೆ.

ಬಾವಿಯ ಒಡತಿ ತುಳಜಾಬಾಯಿ ಹೊಟ್ಟೆ ಹಿಡಿದು ನಕ್ಕಳು. "ಯಪ್ಪಾ, ಉಡಿ ತುಂಬಾಕ ಕರದು ಸೊಸಿನ್ನ ಬಾವಿಗಿ ನೂಕ್ತೀರೇನೋ!"

ಅವಳು ನಕ್ಕದ್ದೇ ನನಗೆ ಸಾಕಾಯಿತು. ಅಲ್ಲೇ ಬಾವಿಕಟ್ಟೆಯ ಮೇಲೆ ಕುಳಿತು ಬದಲಿಸಿ ಬರೆದೆ. ಅತ್ತೆ ನಮ್ಮ ಕನ್ನಡತಿ, ಸೊಸೆ ಪುಣೆಯವಳು. ಅತ್ತೆ "ಬಾರವ್ವ, ಉಡಿ ತುಂಬ್ತೀನಿ" ಎನ್ನುತ್ತಾಳೆ. ಸೊಸೆ ಮೂಗು ಹಿಡಿದುಕೊಂಡು, ತನಗೆ ಈಜು ಬರುವುದಿಲ್ಲವೆಂದು ಮರಾಠಿಯಲ್ಲಿ ಬೇಡಿಕೊಳ್ಳುತ್ತಾಳೆ. ಕ್ಯಾಮೆರಾದವನು ನಕ್ಕು ಅಲುಗಾಡಿಸಿದ್ದಕ್ಕೆ ಮೂರು ಸಲ ತೆಗೆಯಬೇಕಾಯಿತು.

ಸಿನಿಮಾ ಬಂದ ದಿನ ಹೆಂಡತಿ ಛಾಯಾಳನ್ನು ಸೊಲ್ಲಾಪುರದ ಟಾಕೀಸಿಗೆ ಕರೆದೊಯ್ದೆ. ಹೆಸರುಗಳು ಓಡಿದವು. ಲೇಖನ: ಧರ್ಮರಾಜ. ಬೈಯುತ್ತ ಎದ್ದುನಿಂತೆ.

"ಕೂಡ್ರಿ, ಅಲ್ಲಿ ನೋಡ್ರಿ!" ಛಾಯಾ ಅಂಗಿ ಜಗ್ಗಿದಳು.

ಸಾಹಸ: ಗುರುಶಾಂತ.

ಬಾವಿಯ ದೃಶ್ಯ ಬರೆದವನೆಂದು ಆ ಸಾಲಿಗೆ ತಳ್ಳಿದ್ದ, ಭಾಡ್ಯಾ! ಆದರೆ ಆ ದೃಶ್ಯ ಬಂದಾಗ ಟಾಕೀಸಿಗೆ ಟಾಕೀಸೇ ಕುಣಿದಾಡಿತು.

"ಮನ್ಯಾಗಿನ ಮೆಟ್ಟಲಾ ಇಳ್ಯಾಕ ಅಂಜ್ತೀರಿ, ಸಾಹಸ ಅಂತ!" ಎಂದು ಛಾಯಾ ಕಣ್ಣೊರೆಸಿಕೊಂಡು ನಕ್ಕಳು.

"ಬಾಯಿ ಮುಚ್ಚ" ಎಂದೆ. ಹೊರಗೆ ಬಂದು ಮುಂದಿನ ಆಟಕ್ಕೂ ಎರಡು ಟಿಕೆಟ್ ತೆಗೆದೆ.