ಬಿಚ್ಚುಮಾಸದ ಮೊದಲ ದಿನ

ಬೆಳಿಗ್ಗೆ ಮಗುವಿನ ಹಣೆ ಮುಟ್ಟಿದ ಜಗದಾಂಬಳಿಗೆ ಅದು ಬೆಚ್ಚಗಿದೆಯೋ ಇಲ್ಲವೋ ತಿಳಿಯಲಿಲ್ಲ. ಒಲೆಯ ಮುಂದೆ ಕೂತು ತನ್ನ ಕೈಯೇ ಬಿಸಿಯಾಗಿರಬಹುದೆಂದು ತಣ್ಣೀರಲ್ಲಿ ಕೈ ತೊಳೆದು ಬಂದು ಮತ್ತೆ ಮುಟ್ಟಿದಳು. ಈಗ ಹಣೆ ಸುಡುತ್ತಿತ್ತು. ತೊಟ್ಟಿಲ ಹಗ್ಗಕ್ಕೆ ಸುತ್ತಿದ್ದ ಕಪ್ಪು ದಾರದ ಗಂಟು ರಾತ್ರಿ ಹೆಸರುಕಾಳಿನಷ್ಟಿದ್ದದ್ದು ಕಡಲೆಕಾಳಿನಷ್ಟಾಗಿತ್ತು.

ಆ ಗಂಟಿನೊಳಗೆ ಇದ್ದದ್ದು ಮಗುವಿನ ಜ್ವರ. ಜಗದಾಂಬಳ ತವರೂ ಅತ್ತೆಮನೆಯೂ ಗಂಟಿನವರವು. ಜ್ವರ, ಹಲ್ಲುನೋವು, ಕೆಟ್ಟ ಕನಸು, ಯಾವುದನ್ನಾದರೂ ದಾರದಲ್ಲಿ ಗಂಟು ಹಾಕಿ ಹಿಡಿದಿಡುವ ವಿದ್ಯೆ ಅವರದು. ಕಟ್ಟುವುದಕ್ಕೆ ಯಾವ ದಿನವಾದರೂ ಸರಿ, ಬಿಚ್ಚುವುದು ಮಾತ್ರ ಹೇಳಿದ ದಿನವೇ ಆಗಬೇಕು. ಮೊದಲೇ ಬಿಚ್ಚಿದರೆ ಜ್ವರ ಬಿಚ್ಚಿದವರ ಮೈಗೇರುತ್ತದೆ. ದಿನ ಮೀರಿದರೆ ಮಗುವಿಗೇ ಮರಳುತ್ತದೆ. ಕಾಲೇಜಿಗೆ ಹೋಗಿ ವಿದ್ಯೆ ತಪ್ಪಿಸಿಕೊಂಡ ಜಗದಾಂಬಳಿಗೆ ತಿಳಿದದ್ದು ಇಷ್ಟೇ.

ಶಿವಮೊಗ್ಗದ ದುರ್ಗಿಗುಡಿಯ ತವರಿಗೆ ಹೋಗಿದ್ದಾಗ ಅಜ್ಜಿ ಮಹಾಂತಮ್ಮ ಜ್ವರವನ್ನು ಕಟ್ಟಿಕೊಟ್ಟು, ಬಿಚ್ಚುಮಾಸದ ಮೊದಲ ದಿನ ಹೊಳೆಯಲ್ಲಿ ಬಿಚ್ಚು ಎಂದಿದ್ದರು. ಭದ್ರಾವತಿಗೆ ಬಂದು ಅದು ಯಾವಾಗ ಎಂದು ಅತ್ತೆ ಕಲ್ಲಮ್ಮನನ್ನು ಕೇಳಿದರೆ, ಅವರು ಸಾರು ಕಲಕುತ್ತಲೇ, ಬಿಚ್ಚುಮಾಸ ಬಂದು ಹೋಯಿತಲ್ಲ ಎಂದುಬಿಟ್ಟರು. ಅಜ್ಜಿಗೆ ಹೇಳಿಕಳಿಸಿದರೆ, ಅದು ಬರುವುದಕ್ಕೆ ಇನ್ನೂ ಬೇಕಾದಷ್ಟು ಹೊತ್ತಿದೆ ಎಂದು ಉತ್ತರ ಬಂತು.

ಗಂಟಿನವರ ಪಂಚಾಂಗವೆಂದರೆ ಒಂದು ಉದ್ದನೆಯ ಹಗ್ಗ. ದಿನಕ್ಕೊಂದು ಗಂಟು. ಕಟ್ಟುಮಾಸ, ಬಿಚ್ಚುಮಾಸ, ಆಮೇಲೆ ಯಾರೂ ಏನೂ ಮಾಡದ ಸುಮ್ಮನಿರುಮಾಸ. ದುರ್ಗಿಗುಡಿಯಲ್ಲಿ ಕೋಳಿ ಕೂಗಿದರೆ ಗಂಟು ಬೀಳುತ್ತಿತ್ತು. ಭದ್ರಾವತಿಯ ಕಾರ್ಖಾನೆ ಸಾಲಿನಲ್ಲಿ ಕೋಳಿಯ ದನಿ ಯಾರಿಗೆ ಕೇಳುತ್ತದೆ? ಕಲ್ಲಮ್ಮ ಸೈರನ್ನಿಗೆ ಗಂಟು ಹಾಕುತ್ತಿದ್ದರು. ಸೈರನ್ನು ಒಂದೊಂದು ಪಾಳಿಗೂ ಕೂಗುತ್ತಿತ್ತು. ಜಗದಾಂಬಳ ಗಂಡ ಷಣ್ಮುಖಪ್ಪ ಕೆಲಸಕ್ಕೆ ಹೊರಟ ದಿನ ಒಂದು, ಮನೆಗೆ ಬಂದ ದಿನ ಇನ್ನೊಂದು. ಸಾಲದ್ದಕ್ಕೆ ಸರ್ಕಾರವೂ ಆ ವರ್ಷವೇ ಇಡೀ ದೇಶಕ್ಕೆಂದು ಹೊಸದೊಂದು ಪಂಚಾಂಗ ತಂದಿತ್ತು.

ಆ ಬೆಳಿಗ್ಗೆ ಷಣ್ಮುಖಪ್ಪ ಸೈಕಲ್ಲು ಹತ್ತಿ ಸ್ಟೇಷನ್ನಿಗೆ ಹೋಗಿ, ಶಿವಮೊಗ್ಗಕ್ಕೆ ಹೊರಟಿದ್ದ ಗುರುತಿನವರ ಕೈಲಿ ಹೇಳಿಕಳಿಸಿದ. ಮಧ್ಯಾಹ್ನದ ಹೊತ್ತಿಗೆ ಮಹಾಂತಮ್ಮ ರೈಲಿಳಿದು ಬಂದರು. ಬೀಗತಿಯರಿಬ್ಬರೂ ತೊಟ್ಟಿಲ ಆಚೆಗೊಬ್ಬರು ಈಚೆಗೊಬ್ಬರು ತಮ್ಮ ತಮ್ಮ ಹಗ್ಗ ಹಿಡಿದು ಕೂತರು.

"ಸೈರನ್ ಕೂಗಿದಾಗೆಲ್ಲ ದಿನ ಹುಟ್ಟಿದ್ರೆ, ಕೂಗಿದಾಗೆಲ್ಲ ಊಟಕ್ಕೂ ಇಡ್ತೀರೇನು ಬೀಗ್ರೇ?" ಎಂದರು ಮಹಾಂತಮ್ಮ.

"ಇಟ್ಟಿದೀನಿ. ಉಂಡು ಆಮೇಲೆ ಬೈರಿ," ಎಂದು ಕಲ್ಲಮ್ಮ ರೊಟ್ಟಿಯ ಮೇಲೆ ಬೆಣ್ಣೆ ಹಾಕಿ ತಟ್ಟೆಯನ್ನು ಅವರತ್ತ ಸರಿಸಿದರು.

ಮಗು ನರಳಿತು. ಜಗದಾಂಬ ಅವರ ಮುಖ ಇವರ ಮುಖ ನೋಡಿದಳು. ಇಬ್ಬರೂ ಸುಳ್ಳು ಹೇಳುವವರಲ್ಲ. ಇಬ್ಬರ ಮಾತೂ ಸರಿಯಾಗಿರುವುದಕ್ಕೆ ಸಾಧ್ಯವಿಲ್ಲ.

"ಅಜ್ಜಿ, ಕೋಳಿಗಿಂತ ಮುಂಚೆ ಯಾವ್ದನ್ನ ನೋಡಿ ಗಂಟು ಹಾಕ್ತಿದ್ರಿ?"

ಮಹಾಂತಮ್ಮ ರೊಟ್ಟಿ ಮುರಿಯುವುದನ್ನು ನಿಲ್ಲಿಸಿದರು. ತಮ್ಮ ಅತ್ತೆಯ ಕಾಲದಲ್ಲಿ ಕೋಳಿಯ ಲೆಕ್ಕ ಇರಲಿಲ್ಲ, ಕೆಂಡದ ಲೆಕ್ಕವಿತ್ತು ಎಂದು ನಿಧಾನವಾಗಿ ನೆನಪಿಸಿಕೊಂಡರು. ಒಲೆ ಆರಿದ ಮನೆಯವರು ಪಕ್ಕದ ಮನೆಯಿಂದ ಕೆಂಡ ತಂದರೆ ಆಗ ದಿನ ಹುಟ್ಟುತ್ತಿತ್ತು. ಕೊಟ್ಟವರಿಗೆ ಅಂದಿನಿಂದ ಕಟ್ಟುಮಾಸ, ತಂದವರಿಗೆ ಬಿಚ್ಚುಮಾಸ. ಕಲ್ಲಮ್ಮ, ತಮ್ಮ ತಾಯಿಯೂ ಏನೋ ಹಾಗೆ ಅನ್ನುತ್ತಿದ್ದರು ಎಂದಷ್ಟೇ ಗೊಣಗಿದರು.

"ಹಂಗಾದ್ರೆ ಇವತ್ತು ನಮ್ಮನೇಲಿ ಯಾವ ಮಾಸ?"

"ಬೆಂಕಿಪೊಟ್ಟಣ ಬಂದ್ಮೇಲೆ ಕೆಂಡ ಕೇಳೋಕೆ ಯಾರು ಯಾರ ಮನೆಗೆ ಹೋಗ್ತಾರೆ ಮಾರಾಯ್ತಿ? ಯಾವ್ದೂ ಇಲ್ಲ," ಎಂದರು ಮಹಾಂತಮ್ಮ.

ಯಾವ ದಿನವೂ ಇಲ್ಲದಿದ್ದರೆ ಮಗು ಹುಟ್ಟಿದ್ದು ಯಾವ ದಿನ ಎಂದು ಜಗದಾಂಬಳಿಗೆ ಕೇಳಬೇಕೆನಿಸಿತು. ಅದರ ಬದಲು ಒಲೆಗೆ ನೀರು ಸುರಿದು, ಒಡೆದ ಹೆಂಚಿನ ಚೂರೊಂದನ್ನು ಹಿಡಿದು ಹೊರಗೆ ಹೊರಟಳು.

ಪಕ್ಕದ ಮನೆ ಪುಷ್ಪಮ್ಮನದು. ಗಂಡನ ಕಾರ್ಖಾನೆ ಕೆಲಸಕ್ಕಾಗಿ ಸೇಲಂ ಕಡೆಯಿಂದ ಬಂದವಳು. ಜಗದಾಂಬ ಈ ಮನೆಗೆ ಬಂದಾಗಿನಿಂದ, ಏನಾದರೂ ಬೇಕಾ ಎಂದು ಗೋಡೆಯಾಚೆಯಿಂದ ಕೇಳುತ್ತಲೇ ಇದ್ದಳು. ಒಂದು ಎಲೆ ಕರಿಬೇವು ಕೇಳುವುದಕ್ಕೂ ಜಗದಾಂಬಳಿಗೆ ಸಂಕೋಚ. ಬೇಡ ಎಂದೇ ಅನ್ನುತ್ತಿದ್ದಳು.

"ಕೆಂಡವಾ? ಪೊಟ್ಟಣವೇ ತಗೊಂಡು ಹೋಗಮ್ಮ," ಎಂದಳು ಪುಷ್ಪಮ್ಮ.

"ಬೇಡ. ಕೆಂಡವೇ ಬೇಕಿತ್ತು."

ಪುಷ್ಪಮ್ಮ ಅವಳ ಮುಖ ನೋಡಿದಳು. ಒಲೆಯಲ್ಲಿ ಕೆಂಪಗಿದ್ದ ಕೆಂಡವನ್ನೇ ಆರಿಸಿ ಹೆಂಚಿನ ಮೇಲಿಟ್ಟು, ಗಾಳಿ ತಾಗದಂತೆ ಸೆರಗು ಅಡ್ಡ ಹಿಡಿದು ಹೊಸ್ತಿಲವರೆಗೂ ಜೊತೆಗೆ ನಡೆದು ಬಂದಳು.

ಒಲೆ ಹೊತ್ತಿತು. ಬೀಗತಿಯರು ಒಬ್ಬರನ್ನೊಬ್ಬರು ನೋಡದೆ ತಮ್ಮ ತಮ್ಮ ಹಗ್ಗಕ್ಕೆ ಒಂದೊಂದು ಗಂಟು ಹಾಕಿದರು. ಜಗದಾಂಬ ತೊಟ್ಟಿಲಿನಿಂದ ದಾರ ತೆಗೆದುಕೊಂಡು ಹೊಳೆಗೆ ಓಡಿದಳು. ನೀರಿನಲ್ಲಿ ಹಿಡಿದರೆ ಗಂಟು ಹೂವಿನ ದಾರದಂತೆ ಸಡಿಲಾಯಿತು. ಬೆರಳ ಸುತ್ತ ನೀರು ಒಂದು ಗಳಿಗೆ ಬೆಚ್ಚಗಾಗಿ ಮತ್ತೆ ತಣ್ಣಗಾಯಿತು. ಅವಳು ತನ್ನ ಹಣೆ ಮುಟ್ಟಿಕೊಂಡಳು. ತಣ್ಣಗಿತ್ತು. ಮನೆಗೆ ಬಂದಾಗ ಮಗು ಬೆವೆತು ನಿದ್ದೆ ಹೋಗಿತ್ತು.

ಸಂಜೆಗೆ ಜಗದಾಂಬಳಿಗೆ ಹೊಸ ದಿಗಿಲು ಹುಟ್ಟಿತು. ತಮಗೆ ಬಿಚ್ಚುಮಾಸವಾದರೆ, ಏನೂ ಅರಿಯದ ಪುಷ್ಪಮ್ಮನ ಮನೆಗೆ ಕಟ್ಟುಮಾಸ ಬಂದಂತಾಯಿತು. ಅವಳು ತುರುಬು ಕಟ್ಟುತ್ತಾಳೆ, ಹೂ ಕಟ್ಟುತ್ತಾಳೆ. ಕಟ್ಟಿದ್ದು ಬಿಚ್ಚದೇ ಹೋದರೆ? ಏನೂ ಆಗಲ್ಲ ಎಂದರು ಕಲ್ಲಮ್ಮ. ಆದರೂ ಆಗಬಹುದು ಎಂದರು ಮಹಾಂತಮ್ಮ. ಹೋಗಿ ಹೇಳುವುದಾದರೂ ಏನೆಂದು?

ಮರುದಿನ ಬೆಳಿಗ್ಗೆ ಬಾಗಿಲಲ್ಲಿ ಪುಷ್ಪಮ್ಮನೇ ನಿಂತಿದ್ದಳು. ಕೈಯಲ್ಲಿ ಹೆಂಚಿನ ಚೂರು.

"ಪೊಟ್ಟಣ ಒದ್ದೆಯಾಗಿದೆಯಮ್ಮ. ಒಂದು ಕೆಂಡ ಕೊಡ್ತೀಯಾ?"

ಬಿರುಬೇಸಿಗೆ. ಒದ್ದೆ ಎಲ್ಲಿಂದ ಬರಬೇಕು? ಅವಳ ಸೊಂಟದಲ್ಲಿ ಸಿಕ್ಕಿಸಿದ್ದ ಬೆಂಕಿಪೊಟ್ಟಣದ ಮೂಲೆ ಸೆರಗಿನಿಂದ ಹೊರಗೆ ಇಣುಕುತ್ತಿತ್ತು. ಸಾಲುಮನೆಯ ತೆಳ್ಳನೆಯ ಗೋಡೆಯಾಚೆಗೆ ಮುದುಕಿಯರ ಮಾತು ಕೇಳಿಸಿತೋ, ಅಥವಾ ಕೆಂಡ ಕೇಳಿಕೊಂಡು ಬಂದವಳ ಮನೆಗೆ ತಾನೂ ಒಮ್ಮೆ ಕೇಳುತ್ತಾ ಹೋಗಬೇಕು ಅನ್ನಿಸಿತೋ, ಜಗದಾಂಬಳಿಗೆ ತಿಳಿಯಲಿಲ್ಲ. ಪೊಟ್ಟಣದ ಮಾತು ಎತ್ತದೆ, ಕೆಂಪಗಿದ್ದ ಕೆಂಡವನ್ನೇ ಆರಿಸಿದಳು.

ಒಳಗೆ, ಈಗ ಯಾರಿಗೆ ಯಾವ ಮಾಸ ಎಂದು ಬೀಗತಿಯರು ಮತ್ತೆ ಶುರು ಮಾಡಿದ್ದರು. ಜಗದಾಂಬ ಸೆರಗು ಅಡ್ಡ ಹಿಡಿದು ಪುಷ್ಪಮ್ಮನ ಹೊಸ್ತಿಲವರೆಗೂ ನಡೆದಳು.